1890ರ ಜಪಾನಿನ ಮೊದಲ ಚುನಾವಣೆಯನ್ನು ತರಗತಿಯಲ್ಲಿ ನಡೆಸುವ ಬಗೆ

ಜಪಾನಿನ ಸಂಸತ್ತಿನ ಹುಟ್ಟು ನಮ್ಮ ಚರಿತ್ರೆಯ ಪಾಠಗಳಲ್ಲಿ ಒಂದೆರಡು ಸಾಲುಗಳಲ್ಲಿ ಮುಗಿದುಹೋಗುತ್ತದೆ. 1889ರಲ್ಲಿ ಮೇಜಿ ಚಕ್ರವರ್ತಿ ಸಂವಿಧಾನವನ್ನು ದಯಪಾಲಿಸಿದನು, 1890ರಲ್ಲಿ ಸಂಸತ್ತು ಸೇರಿತು ಎಂದು ವಿದ್ಯಾರ್ಥಿಗಳು ಬರೆದುಕೊಳ್ಳುತ್ತಾರೆ. ಆ ಸಂಸತ್ತಿಗೆ ಸದಸ್ಯರನ್ನು ಆರಿಸಿದವರು ಯಾರು, ಹೇಗೆ ಆರಿಸಿದರು, ಆರಿಸುವ ಹಕ್ಕು ಯಾರಿಗೆ ದಕ್ಕಲಿಲ್ಲ ಎಂಬ ಪ್ರಶ್ನೆಗಳು ಹಾಗೆಯೇ ಉಳಿಯುತ್ತವೆ. ಬೆಂಗಳೂರಿನ ಪ್ರೌಢಶಾಲೆ ಮತ್ತು ಪದವಿಪೂರ್ವ ಕಾಲೇಜುಗಳಲ್ಲಿ ಚರಿತ್ರೆ ಕಲಿಸುವವರು 1890ರ ಜುಲೈ 1ರ ಆ ಚುನಾವಣೆಯನ್ನು ಮೂರು ಅವಧಿಗಳಲ್ಲಿ ತರಗತಿಯೊಳಗೇ ನಡೆಸಿ ತೋರಿಸುವುದು ಹೇಗೆ ಎಂಬುದನ್ನು ಇಲ್ಲಿ ವಿವರಿಸಿದ್ದೇನೆ. ಶಾಲಾ ಸಂಸತ್ತಿನ ಚುನಾವಣೆ ನಡೆಸಿ ಅಭ್ಯಾಸವಿರುವ ಯಾವ ಶಾಲೆಗೂ ಇದು ಕಷ್ಟವಲ್ಲ. ಬೇಕಾಗುವುದು ರಟ್ಟಿನ ಚೀಟಿಗಳು, ಒಂದು ಸ್ಟ್ಯಾಂಪ್ ಪ್ಯಾಡ್, ಒಂದು ಪೆಟ್ಟಿಗೆ ಮತ್ತು ಕಪ್ಪು ಹಲಗೆ ಮಾತ್ರ.

ಒಂದು ಎಚ್ಚರಿಕೆಯನ್ನು ಮೊದಲೇ ಹೇಳಬೇಕು. ಇದನ್ನು ಏಷ್ಯಾದ ಮೊದಲ ಸಂಸದೀಯ ಚುನಾವಣೆ ಎಂದು ಹಲಗೆಯ ಮೇಲೆ ಬರೆಯಬಾರದು. ಒಟ್ಟೊಮನ್ ಸಾಮ್ರಾಜ್ಯದ ಸಂಸತ್ತು 1877ರ ಮಾರ್ಚ್‌ನಲ್ಲಿಯೇ ಇಸ್ತಾಂಬುಲಿನಲ್ಲಿ ಸೇರಿತ್ತು; ಮರುವರ್ಷವೇ ಸುಲ್ತಾನನು ಅದನ್ನು ಮುಚ್ಚಿಸಿದನು. ಜಪಾನಿನ ಹೆಚ್ಚುಗಾರಿಕೆ ಇರುವುದು ಅಲ್ಲಿ ಒಮ್ಮೆ ಆರಂಭವಾದ ಚುನಾವಣೆಗಳ ಸರಣಿ ಮತ್ತೆ ಕಡಿಯದೆ ಮುಂದುವರಿದುದರಲ್ಲಿ.

ಪಾಠವನ್ನು ಫಲಿತಾಂಶದಿಂದ ಆರಂಭಿಸದೆ ಮತದಾರರ ಪಟ್ಟಿಯಿಂದ ಆರಂಭಿಸಬೇಕು ಎಂಬುದು ನನ್ನ ಖಚಿತವಾದ ಅಭಿಪ್ರಾಯ. ಹತ್ತೊಂಬತ್ತನೆಯ ಶತಮಾನದ ಯಾವುದೇ ದೇಶದ ಮೊದಲ ಚುನಾವಣೆಯನ್ನು ತೆಗೆದುಕೊಂಡರೂ, ಗೆದ್ದವರ ಹೆಸರುಗಳಿಗಿಂತ ಪಟ್ಟಿಯಲ್ಲಿ ಇದ್ದವರ ಮತ್ತು ಇಲ್ಲದವರ ಲೆಕ್ಕವೇ ಮುಂದೆ ಆ ಸಂಸತ್ತು ಯಾವುದಕ್ಕಾಗಿ ಜಗಳವಾಡಿತು ಎಂಬುದನ್ನು ತಿಳಿಸಿಕೊಡುತ್ತದೆ. ಜಪಾನಿನ ಉದಾಹರಣೆಯಲ್ಲಿ ಈ ಕೊಂಡಿ ಎಷ್ಟು ಸ್ಪಷ್ಟವಾಗಿದೆಯೆಂದರೆ, ಹತ್ತನೆಯ ತರಗತಿಯ ವಿದ್ಯಾರ್ಥಿಯೂ ಅದನ್ನು ತಾನಾಗಿಯೇ ಕಂಡುಕೊಳ್ಳಬಲ್ಲನು.

ಹಿನ್ನೆಲೆ: ಹತ್ತು ನಿಮಿಷಕ್ಕಿಂತ ಹೆಚ್ಚು ಬೇಡ

ಹಿನ್ನೆಲೆಯನ್ನು ಬೇಗ ಮುಗಿಸುವುದು ಒಳ್ಳೆಯದು. 1868ರಲ್ಲಿ ಶೋಗನ್ನರೆಂಬ ಸೇನಾಧಿಪತಿಗಳ ಆಡಳಿತ ಕೊನೆಗೊಂಡು ಮೇಜಿ ಸರ್ಕಾರ ಬಂದಿತು. ಅಧಿಕಾರವು ಮುಖ್ಯವಾಗಿ ಸತ್ಸುಮ ಮತ್ತು ಚೋಶು ಎಂಬ ಎರಡು ಪ್ರಾಂತಗಳಿಂದ ಬಂದ ನಾಯಕರ ಕೈಯಲ್ಲಿ ಉಳಿಯಿತು. ಸರ್ಕಾರದಿಂದ ಹೊರಬಂದಿದ್ದ ಇಟಗಾಕಿ ತೈಸುಕೆ ಮತ್ತು ಸಂಗಡಿಗರು 1874ರಲ್ಲಿ ಚುನಾಯಿತ ಸಭೆಯೊಂದು ಬೇಕೆಂದು ಮನವಿ ಸಲ್ಲಿಸಿದರು. ಅಲ್ಲಿಂದ ಹುಟ್ಟಿದ ಜನರ ಹಕ್ಕುಗಳ ಚಳವಳಿ ಊರೂರಿಗೆ ಹಬ್ಬಿತು. 1881ರ ಅಕ್ಟೋಬರ್ 12ರಂದು ಚಕ್ರವರ್ತಿಯ ಆಜ್ಞೆಯೊಂದು ಹೊರಟು, 1890ರಲ್ಲಿ ಸಂಸತ್ತನ್ನು ತೆರೆಯುವುದಾಗಿ ಮಾತು ಕೊಟ್ಟಿತು. ಇಟೊ ಹಿರೊಬುಮಿಯ ಮುಂದಾಳತನದಲ್ಲಿ ರೂಪುಗೊಂಡ ಸಂವಿಧಾನವು 1889ರ ಫೆಬ್ರವರಿ 11ರಂದು ಪ್ರಕಟವಾಯಿತು, ಚುನಾವಣಾ ಕಾಯಿದೆಯೂ ಅದರ ಜೊತೆಯಲ್ಲಿಯೇ ಬಂದಿತು. ಇಷ್ಟನ್ನು ಹಲಗೆಯ ಒಂದು ಮೂಲೆಯಲ್ಲಿ ಬರೆದಿಟ್ಟರೆ ಸಾಕು, ಉಳಿದುದು ಚೀಟಿಗಳ ಕೆಲಸ.

ಮತದಾರರ ಪಟ್ಟಿ: ಮೊದಲ ಅವಧಿ ಪೂರ್ತಿ ಇದಕ್ಕೇ

ತರಗತಿಯಲ್ಲಿ 60 ವಿದ್ಯಾರ್ಥಿಗಳಿದ್ದಾರೆ ಎಂದುಕೊಳ್ಳೋಣ. ಒಬ್ಬೊಬ್ಬರಿಗೂ ಒಂದು ಮನೆಯ ಯಜಮಾನ ಅಥವಾ ಯಜಮಾನಿಯ ಚೀಟಿ ಕೊಡಬೇಕು. ಚೀಟಿಯಲ್ಲಿ ವಯಸ್ಸು, ಊರು, ಕಸುಬು, ಹೆಸರಿನಲ್ಲಿರುವ ಭೂಮಿಯ ಸರ್ಕಾರಿ ಮೌಲ್ಯ, ಎಷ್ಟು ವರ್ಷದಿಂದ ಅಲ್ಲಿ ವಾಸ ಎಂಬ ವಿವರಗಳಿರಲಿ. ಮತದಾನದ ಹಕ್ಕು ಇದೆಯೋ ಇಲ್ಲವೋ ಎಂಬುದನ್ನು ಮಾತ್ರ ಬರೆಯಬಾರದು. ಅದನ್ನು ವಿದ್ಯಾರ್ಥಿಯೇ ಲೆಕ್ಕ ಹಾಕಿ ಹೇಳಬೇಕು.

ಕಾಯಿದೆಯ ನಿಯಮಗಳನ್ನು ಹಲಗೆಯ ಮೇಲೆ ಹೀಗೆ ಬರೆಯಿರಿ: ಮತದಾರನು ಗಂಡಸಾಗಿರಬೇಕು, 25 ವರ್ಷ ತುಂಬಿರಬೇಕು, ಆ ಪ್ರಾಂತದಲ್ಲಿ ಒಂದು ವರ್ಷದಿಂದ ನೆಲೆಸಿರಬೇಕು, ವರ್ಷಕ್ಕೆ 15 ಯೆನ್ ಅಥವಾ ಅದಕ್ಕಿಂತ ಹೆಚ್ಚು ನೇರ ರಾಷ್ಟ್ರೀಯ ತೆರಿಗೆ ಕಟ್ಟುತ್ತಿರಬೇಕು. ಆ ತೆರಿಗೆ ಭೂಕಂದಾಯವಾಗಿದ್ದರೆ ಒಂದು ವರ್ಷ ಕಟ್ಟಿದ್ದರೆ ಸಾಕು. ಆದಾಯ ತೆರಿಗೆಯಾಗಿದ್ದರೆ ಮೂರು ವರ್ಷ ಕಟ್ಟಿರಬೇಕು. ಸೇವೆಯಲ್ಲಿರುವ ಸೈನಿಕರಿಗೂ ಕುಲೀನ ಮನೆತನಗಳ ಯಜಮಾನರಿಗೂ ಮತವಿಲ್ಲ. ಹೊಕ್ಕೈಡೊ ಮತ್ತು ಒಕಿನಾವ ಈ ಚುನಾವಣೆಯ ಹೊರಗೇ ಉಳಿದಿದ್ದವು.

ಈಗ ಲೆಕ್ಕ. ಆ ಕಾಲದ ಭೂಕಂದಾಯ ಭೂಮಿಯ ಸರ್ಕಾರಿ ಮೌಲ್ಯದ ಶೇ 2.5ರಷ್ಟಿತ್ತು. ಹಾಗಾದರೆ 15 ಯೆನ್ ಕಂದಾಯ ಬರಬೇಕಾದರೆ ಭೂಮಿಯ ಮೌಲ್ಯ 600 ಯೆನ್ ಇರಬೇಕು ಎಂಬುದನ್ನು ವಿದ್ಯಾರ್ಥಿಗಳೇ ಕಂಡುಹಿಡಿಯಲಿ. ಆದಾಯ ತೆರಿಗೆಯ ದಾರಿ ಇನ್ನೂ ಕಡಿದು. 1887ರಲ್ಲಿ ಬಂದ ಆ ತೆರಿಗೆಯ ಪ್ರಮಾಣ ವರ್ಷಕ್ಕೆ 1,000 ಯೆನ್ ಆದಾಯವಿದ್ದವನಿಗೆ ಶೇ 1.5, ಅಂದರೆ ಸರಿಯಾಗಿ 15 ಯೆನ್. ಅಷ್ಟು ವರಮಾನದವರು ಆ ದಿನಗಳಲ್ಲಿ ಬಹಳ ವಿರಳ. ವ್ಯಾಪಾರಿಗಳು ಕಟ್ಟುತ್ತಿದ್ದ ವ್ಯಾಪಾರ ತೆರಿಗೆ 1896ರ ಕಾಯಿದೆ ಬರುವವರೆಗೆ ಪ್ರಾಂತದ ತೆರಿಗೆಯಾಗಿತ್ತು. ರಾಷ್ಟ್ರೀಯ ತೆರಿಗೆಯ ಲೆಕ್ಕಕ್ಕೆ ಅದು ಬರುತ್ತಿರಲಿಲ್ಲ. ಹೀಗಾಗಿ ಟೋಕಿಯೊ, ಒಸಾಕಾದಂಥ ನಗರಗಳಲ್ಲಿ ಅಂಗಡಿ ಇಟ್ಟು ಚೆನ್ನಾಗಿಯೇ ಸಂಪಾದಿಸುತ್ತಿದ್ದ ಅನೇಕರು ಪಟ್ಟಿಯಿಂದ ಹೊರಗೆ ಉಳಿದರು, ಹಳ್ಳಿಯ ಭೂಮಾಲೀಕರು ಒಳಗೆ ಬಂದರು. ಈ ಒಂದು ಸಂಗತಿಯನ್ನು ವಿದ್ಯಾರ್ಥಿಗಳ ಮನಸ್ಸಿನಲ್ಲಿ ಗಟ್ಟಿಯಾಗಿ ನಿಲ್ಲಿಸಬೇಕು, ಏಕೆಂದರೆ ಮೂರನೆಯ ಅವಧಿಯ ವಾದವೆಲ್ಲ ಇದರ ಮೇಲೆಯೇ ನಿಂತಿದೆ.

ಚೀಟಿಗಳನ್ನು ಹಂಚುವಾಗ ಪ್ರಮಾಣ ಸರಿಯಾಗಿರಬೇಕು. ಜಪಾನಿನ ಜನಸಂಖ್ಯೆ ಆಗ ಸುಮಾರು 4 ಕೋಟಿ, ಮತದಾರರು ಸುಮಾರು 4.5 ಲಕ್ಷ, ಅಂದರೆ ನೂರಕ್ಕೆ ಒಬ್ಬರಿಗಿಂತ ತುಸು ಹೆಚ್ಚು. ಮನೆಗೆ ಐದು ಜನ ಎಂದು ಹಿಡಿದರೆ ಹದಿನೇಳು ಹದಿನೆಂಟು ಮನೆಗಳಿಗೆ ಒಬ್ಬ ಮತದಾರ. ಆದುದರಿಂದ 60 ಚೀಟಿಗಳಲ್ಲಿ ಮೂರು, ಹೆಚ್ಚೆಂದರೆ ನಾಲ್ಕು ಚೀಟಿಗಳು ಮಾತ್ರ ಅರ್ಹವಾಗಿರಬೇಕು. ಮಿಕ್ಕವುಗಳಲ್ಲಿ 100ರಿಂದ 400 ಯೆನ್ ಮೌಲ್ಯದ ಭೂಮಿಯುಳ್ಳ ಸಣ್ಣ ರೈತರು ದೊಡ್ಡ ಪಾಲು ಇರಲಿ. ದೇಶದ ಸಾಗುವಳಿ ಭೂಮಿಯಲ್ಲಿ ಸುಮಾರು ಶೇ 40ರಷ್ಟು ಗೇಣಿಯಲ್ಲಿತ್ತು. ಆದುದರಿಂದ ಭೂಮಿಯೇ ಇಲ್ಲದ ಗೇಣಿದಾರರ ಚೀಟಿಗಳೂ ಹತ್ತು ಹದಿನೈದು ಬೇಕು. ಗೇಣಿದಾರನು ತನ್ನ ಬೆಳೆಯಲ್ಲಿ ದೊಡ್ಡ ಭಾಗವನ್ನು ಒಡೆಯನಿಗೆ ಅಳೆಯುತ್ತಾನೆ, ಆ ಒಡೆಯನು ಅದರಿಂದ ಕಂದಾಯ ಕಟ್ಟಿ ಮತದಾರನಾಗುತ್ತಾನೆ. ದುಡಿದವನ ಬೆವರು ಇನ್ನೊಬ್ಬನ ಮತವಾಗುವ ಈ ಬಗೆಯನ್ನು ಲೆಕ್ಕದ ಮೂಲಕವೇ ತೋರಿಸಬಹುದು, ಭಾಷಣದ ಅಗತ್ಯವಿಲ್ಲ.

ಇವುಗಳ ನಡುವೆ ಕೆಲವು ಚೀಟಿಗಳನ್ನು ಬೇಕೆಂದೇ ತೊಡಕಾಗಿ ಬರೆಯಬೇಕು. 900 ಯೆನ್ ಮೌಲ್ಯದ ಗದ್ದೆಯಿರುವ ಆದರೆ 24 ವರ್ಷದ ಯುವಕ. ಭೂಮಿಯಿಲ್ಲದೆ ಪೊಲೀಸ್ ಕೆಲಸಕ್ಕೆ ಸೇರಿರುವ ಹಿಂದಿನ ಸಮುರಾಯ್. ಆರು ತಿಂಗಳ ಹಿಂದೆ ಬೇರೆ ಪ್ರಾಂತದಿಂದ ಬಂದು ನೆಲೆಸಿದ ಸಿರಿವಂತ. 700 ಯೆನ್ ಮೌಲ್ಯದ ಭೂಮಿಯಿಂದ ವರ್ಷಕ್ಕೆ 17 ಯೆನ್ 50 ಸೆನ್ ಕಂದಾಯ ಕಟ್ಟುವ ವಿಧವೆ. ವಿದ್ಯಾರ್ಥಿಗಳು ಒಬ್ಬೊಬ್ಬರಾಗಿ ಎದ್ದು ನಿಂತು ತಮ್ಮ ಚೀಟಿ ಓದಿ, ತಮಗೆ ಮತ ಉಂಟೇ ಇಲ್ಲವೇ ಎಂಬುದನ್ನು ಕಾರಣ ಸಹಿತ ಹೇಳಬೇಕು. ತಪ್ಪಿದರೆ ಉಳಿದವರು ತಿದ್ದಲಿ.

ವಿಧವೆಯ ಚೀಟಿ ಬಂದಾಗ ಪಾಠವನ್ನು ಸ್ವಲ್ಪ ನಿಲ್ಲಿಸಿ, ಕುಸುನೋಸೆ ಕಿತಾ ಎಂಬಾಕೆಯ ವಿಷಯ ಹೇಳಬೇಕು. ಈಕೆ ಶಿಕೊಕು ದ್ವೀಪದ ಕೋಚಿಯವಳು. ಗಂಡ ತೀರಿಕೊಂಡ ಮೇಲೆ ಮನೆಯ ಯಜಮಾನಿಕೆ ಈಕೆಗೆ ಬಂದಿತು, ತೆರಿಗೆಯ ಹೊರೆಯೂ ಬಂದಿತು. 1878ರ ಸ್ಥಳೀಯ ಸಭೆಯ ಚುನಾವಣೆಯಲ್ಲಿ ಹೆಂಗಸೆಂಬ ಕಾರಣಕ್ಕೆ ಮತ ನಿರಾಕರಿಸಿದಾಗ, ಹಕ್ಕು ಇಲ್ಲದ ಮೇಲೆ ತೆರಿಗೆಯನ್ನು ಏಕೆ ಕಟ್ಟಬೇಕು ಎಂದು ಅಧಿಕಾರಿಗಳನ್ನು ಬರಹದಲ್ಲಿಯೇ ಪ್ರಶ್ನಿಸಿದಳು. 1880ರಲ್ಲಿ ಕೋಚಿಯ ಒಂದು ಪಟ್ಟಣ ಭಾಗದಲ್ಲಿ ಮನೆಯ ಯಜಮಾನಿಯರಿಗೆ ಸ್ಥಳೀಯ ಮತದಾನದ ಹಕ್ಕು ಸಿಕ್ಕಿತು, ಆದರೆ 1884ರಲ್ಲಿ ಸರ್ಕಾರ ನಿಯಮ ಬದಲಿಸಿ ಅದನ್ನೂ ಕಿತ್ತುಕೊಂಡಿತು. 1890ರ ಚುನಾವಣೆ ನಡೆದ ತಿಂಗಳಿನಲ್ಲಿಯೇ ಹೊರಟ ಮತ್ತೊಂದು ಕಾಯಿದೆ, ಹೆಂಗಸರು ರಾಜಕೀಯ ಸಂಘಗಳಿಗೆ ಸೇರುವುದನ್ನೂ ರಾಜಕೀಯ ಸಭೆಗಳಿಗೆ ಹೋಗುವುದನ್ನೂ ನಿಷೇಧಿಸಿತು. ಮೊದಲ ಸಂಸತ್ತಿನ ಕೆಳಮನೆಯ ಅಧ್ಯಕ್ಷನಾದ ನಕಜಿಮ ನೊಬುಯುಕಿಯ ಹೆಂಡತಿ ಕಿಶಿದ ತೊಶಿಕೊ, ಆ ಮೊದಲು ಊರೂರು ತಿರುಗಿ ಹೆಂಗಸರ ಹಕ್ಕಿನ ಬಗ್ಗೆ ಭಾಷಣ ಮಾಡಿ ಹೆಸರಾದವಳು. ಗಂಡ ಸಭೆಯ ಪೀಠದಲ್ಲಿ, ಹೆಂಡತಿಗೆ ಸಭೆಗೆ ಹೋಗಲೂ ನಿಷೇಧ. ಹೆಣ್ಣುಮಕ್ಕಳಿರುವ ತರಗತಿಯಲ್ಲಿ ಈ ಭಾಗವನ್ನು ಅವಸರದಲ್ಲಿ ದಾಟಬಾರದು. ಜಪಾನಿನ ಹೆಂಗಸರು ಸಂಸತ್ತಿನ ಚುನಾವಣೆಯಲ್ಲಿ ಮೊದಲ ಬಾರಿ ಮತ ಹಾಕಿದ್ದು 1946ರ ಏಪ್ರಿಲ್ 10ರಂದು. ಆಗ 39 ಮಂದಿ ಹೆಂಗಸರು ಆಯ್ಕೆಯಾದರು.

ಅವಧಿಯ ಕೊನೆಯಲ್ಲಿ ಅರ್ಹರಾದ ಮೂರು ನಾಲ್ಕು ವಿದ್ಯಾರ್ಥಿಗಳನ್ನು ಮುಂದೆ ಕರೆದು ನಿಲ್ಲಿಸಿರಿ. ಉಳಿದವರು ಕುಳಿತೇ ಇರಲಿ. 1890ರ ಜಪಾನಿನಲ್ಲಿ ‘ರಾಷ್ಟ್ರ’ ಎಂಬ ಹೆಸರಿನಲ್ಲಿ ಮತ ಹಾಕಿದವರ ಪ್ರಮಾಣ ಇಷ್ಟೇ.

ಅಭ್ಯರ್ಥಿಗಳನ್ನು ನಿಲ್ಲಿಸುವುದು

ಎರಡನೆಯ ಅವಧಿಗೆ ಬೇರೆ ಚೀಟಿಗಳು ಬೇಕು, ಏಕೆಂದರೆ ನಾಲ್ಕೇ ಮತದಾರರಿಂದ ಚುನಾವಣೆ ನಡೆಸಲಾಗದು. ಈಗ ತರಗತಿಯ ಎಲ್ಲರೂ ಒಂದೇ ಕ್ಷೇತ್ರದ ಅರ್ಹ ಮತದಾರರು. ದೇಶವನ್ನು 257 ಕ್ಷೇತ್ರಗಳನ್ನಾಗಿ ವಿಂಗಡಿಸಿದ್ದರು. 214 ಕ್ಷೇತ್ರಗಳಿಗೆ ತಲಾ ಒಬ್ಬ, 43 ಕ್ಷೇತ್ರಗಳಿಗೆ ತಲಾ ಇಬ್ಬರು, ಒಟ್ಟು 300 ಸದಸ್ಯರು. ಸರಾಸರಿ ಕ್ಷೇತ್ರವೊಂದಕ್ಕೆ 1,750ರಷ್ಟು ಮತದಾರರು ಎಂದಾಗುತ್ತದೆ, ಆದುದರಿಂದ ನಮ್ಮ 60 ಜನರಲ್ಲಿ ಒಬ್ಬೊಬ್ಬರೂ ಸುಮಾರು 30 ಮತದಾರರ ಪರವಾಗಿ ನಿಂತಂತೆ.

ಇಲ್ಲಿ ನಮ್ಮ ಮಕ್ಕಳಿಗೆ ಪರಿಚಯವಿರುವ ಪದ್ಧತಿಯನ್ನು ಮರೆಯಿಸಬೇಕಾಗುತ್ತದೆ. ನಾಮಪತ್ರ, ಠೇವಣಿ, ಚಿಹ್ನೆ, ಅಭ್ಯರ್ಥಿಗಳ ಅಧಿಕೃತ ಪಟ್ಟಿ ಇವು ಯಾವುವೂ ಅಲ್ಲಿ ಇರಲಿಲ್ಲ. ಅರ್ಹನಾದ ಯಾವ ವ್ಯಕ್ತಿಯ ಹೆಸರನ್ನಾದರೂ ಮತದಾರನು ಬರೆಯಬಹುದಿತ್ತು. ನಿಲ್ಲಬಯಸುವವರು ಪತ್ರಿಕೆಗಳಲ್ಲಿ, ಸಭೆಗಳಲ್ಲಿ ತಮ್ಮ ಇಚ್ಛೆಯನ್ನು ತಿಳಿಸುತ್ತಿದ್ದರು, ಊರಿನ ಪ್ರಮುಖರು ಇಂಥವರಿಗೆ ಮತ ಕೊಡಿ ಎಂದು ಶಿಫಾರಸು ಮಾಡುತ್ತಿದ್ದರು. ಆದುದರಿಂದ ತರಗತಿಯಲ್ಲಿಯೂ ಹಲಗೆಯ ಮೇಲೆ ಅಭ್ಯರ್ಥಿಗಳ ಹೆಸರು ಬರೆಯಬೇಡಿ. ಮೂರು ನಾಲ್ಕು ವಿದ್ಯಾರ್ಥಿಗಳಿಗೆ ಎರಡೆರಡು ನಿಮಿಷ ಮಾತನಾಡಲು ಬಿಡಿ, ಅವರನ್ನು ಬಿಟ್ಟು ಬೇರೆಯವರ ಹೆಸರನ್ನೂ ಬರೆಯಬಹುದೆಂದು ತಿಳಿಸಿ.

ಅಭ್ಯರ್ಥಿಗೆ 30 ವರ್ಷ ತುಂಬಿರಬೇಕು, 15 ಯೆನ್ ತೆರಿಗೆಯ ನಿಯಮ ಅವನಿಗೂ ಉಂಟು. ನ್ಯಾಯಾಧೀಶರು, ಪೊಲೀಸ್ ಮತ್ತು ತೆರಿಗೆ ಅಧಿಕಾರಿಗಳು, ಶಿಂಟೊ ಅರ್ಚಕರು, ಬೌದ್ಧ ಭಿಕ್ಷುಗಳು ಆಯ್ಕೆಯಾಗುವಂತಿರಲಿಲ್ಲ. ತೆರಿಗೆಯ ಅಡ್ಡಿಯನ್ನು ದಾಟಿದ ರೀತಿಗೆ ನಕಾಯೆ ಚೊಮಿನ್ ಒಳ್ಳೆಯ ಉದಾಹರಣೆ. ರೂಸೋನ ಸಾಮಾಜಿಕ ಒಪ್ಪಂದದ ವಿಚಾರಗಳನ್ನು ಜಪಾನಿಗೆ ತಂದ ಈ ಲೇಖಕ ಟೋಸಾ ಪ್ರಾಂತದವನು, ಆಸ್ತಿವಂತನಲ್ಲ. ಸಮಾಜ ಅಸ್ಪೃಶ್ಯರೆಂದು ದೂರ ಇಟ್ಟಿದ್ದ ಜನರ ಕೇರಿಯೊಂದಕ್ಕೆ ತನ್ನ ಮೂಲವಿಳಾಸವನ್ನೇ ಬದಲಾಯಿಸಿಕೊಂಡು, ಬೆಂಬಲಿಗರ ನೆರವಿನಿಂದ ಅರ್ಹತೆ ಪಡೆದು, ಒಸಾಕಾದ ನಾಲ್ಕನೆಯ ಕ್ಷೇತ್ರದಿಂದ ಗೆದ್ದನು. ಜಾತಿಯ ಪ್ರಶ್ನೆ ಗೊತ್ತಿರುವ ನಮ್ಮ ವಿದ್ಯಾರ್ಥಿಗಳಿಗೆ ಚೊಮಿನ್ ಯಾರೆಂದು ಬೇಗ ಅರ್ಥವಾಗುತ್ತದೆ.

ಮತದಾನ: ಹೆಸರು ಬರೆದು ಮುದ್ರೆ ಒತ್ತುವುದು

ಈ ಚಟುವಟಿಕೆಯ ಹೃದಯ ಇರುವುದು ಇಲ್ಲಿ. 1890ರಲ್ಲಿ ಗುಪ್ತ ಮತದಾನ ಇರಲಿಲ್ಲ. ಮತದಾರನು ತಾನೇ ಮತಗಟ್ಟೆಗೆ ಬಂದು, ಮತಪತ್ರದಲ್ಲಿ ತಾನು ಆರಿಸುವವನ ಹೆಸರನ್ನು ಬರೆದು, ಅದರ ಜೊತೆಗೆ ತನ್ನ ಹೆಸರು ಮತ್ತು ವಿಳಾಸವನ್ನು ಬರೆದು, ತನ್ನ ಮುದ್ರೆಯನ್ನು ಒತ್ತಬೇಕಾಗಿತ್ತು. ಬರೆಯಲು ಬಾರದವನು ಹಾಗೆಂದು ಹೇಳಿದರೆ, ಮತಗಟ್ಟೆಯ ಅಧಿಕಾರಿಯೇ ಅವನ ಪರವಾಗಿ ಬರೆದು, ಓದಿ ಹೇಳಿ, ಮುದ್ರೆ ಒತ್ತಿಸಿಕೊಳ್ಳುತ್ತಿದ್ದನು. ಹೆಸರಿಲ್ಲದ ಮತಪತ್ರ ಬಂದದ್ದು 1900ರ ತಿದ್ದುಪಡಿಯಿಂದ.

ತರಗತಿಯಲ್ಲಿ ಮುದ್ರೆಗೆ ಪೆನ್ಸಿಲ್ ಅಳಿಸುವ ರಬ್ಬರಿನ ಮೇಲೆ ತಮ್ಮ ಮೊದಲಕ್ಷರವನ್ನು ಕೆತ್ತಿ ತರಲು ಹಿಂದಿನ ದಿನವೇ ಹೇಳಬಹುದು. ಆಗದಿದ್ದರೆ ಹೆಬ್ಬೆಟ್ಟು ಸಾಕು. ಮತದಾರರ ಚೀಟಿಗಳಲ್ಲಿ ಅರ್ಧದಷ್ಟರ ಮೇಲೆ ಒಂದು ಗುಟ್ಟಿನ ಸಾಲು ಇರಲಿ: ‘ಮೊದಲು ಮಾತನಾಡಿದ ಅಭ್ಯರ್ಥಿಯ ಬಳಿ ನಿನ್ನ ಸಾಲವಿದೆ’, ‘ಎರಡನೆಯವನು ನಿನ್ನ ಬೀಗರ ಕಡೆಯವನು’, ‘ಮೂರನೆಯವನ ಮಾತು ನಿನಗೆ ಒಪ್ಪಿಗೆಯಾಗಿದೆ, ಆದರೆ ನಿನ್ನ ಗದ್ದೆಗೆ ನೀರು ಬರುವುದು ಮೊದಲನೆಯವನ ಕಾಲುವೆಯಿಂದ’. ಎರಡು ಬಾರಿ ಮತದಾನ ನಡೆಸಬೇಕು. ಮೊದಲು 1890ರ ಕ್ರಮದಂತೆ, ಹೆಸರು ಬರೆದು, ಮುದ್ರೆ ಒತ್ತಿ. ಅದರ ಎಣಿಕೆಗೆ ಮುಂಚೆಯೇ ಎರಡನೆಯ ಬಾರಿ, ಹೆಸರಿಲ್ಲದ ಚೀಟಿಯಲ್ಲಿ, ಮರೆಯಲ್ಲಿ. ನಂತರ ಎರಡನ್ನೂ ಎಣಿಸಿ ಪಕ್ಕಪಕ್ಕದಲ್ಲಿ ಬರೆಯಿರಿ. ಅಂತರ ಹೆಚ್ಚಿದ್ದರೂ ಕಡಿಮೆಯಿದ್ದರೂ ಅದರ ಬಗ್ಗೆ ಮಾತನಾಡಲು ವಿದ್ಯಾರ್ಥಿಗಳಿಗೆ ಸಾಕಷ್ಟು ವಿಷಯವಿರುತ್ತದೆ. ಎಣಿಕೆಯ ನಂತರ ಮೊದಲ ಸುತ್ತಿನ ಮತಪತ್ರಗಳನ್ನು ಅಧ್ಯಾಪಕರೇ ತೆಗೆದಿಟ್ಟುಕೊಳ್ಳುವುದು ಒಳ್ಳೆಯದು. ತರಗತಿಯ ಸ್ನೇಹಗಳಿಗೆ ಅವು ಪೆಟ್ಟು ಕೊಡಬಾರದು.

ಆದರೆ ಇಲ್ಲಿ ಚರಿತ್ರೆಗೆ ಅನ್ಯಾಯವಾಗದಂತೆ ನೋಡಿಕೊಳ್ಳಬೇಕು. ಹೆಸರು ಬರೆಯುವ ಪದ್ಧತಿ ಒತ್ತಡಕ್ಕೆ ಅವಕಾಶ ಕೊಡುತ್ತಿತ್ತು ಎಂಬುದು ನಿಜ, ಆದರೂ 1890ರ ಚುನಾವಣೆ ಒಟ್ಟಿನಲ್ಲಿ ಶಾಂತವಾಗಿಯೇ ನಡೆಯಿತು. ಹೊಡೆದಾಟ, ಸಾವು, ಸರ್ಕಾರದ ಬಲಾತ್ಕಾರ ಇವೆಲ್ಲ 1892ರ ಫೆಬ್ರವರಿಯ ಎರಡನೆಯ ಚುನಾವಣೆಯ ಮಾತು. ಆಗ ಗೃಹಮಂತ್ರಿಯಾಗಿದ್ದ ಶಿನಗಾವ ಯಾಜಿರೊ ಪೊಲೀಸರನ್ನೂ ಪ್ರಾಂತಾಧಿಕಾರಿಗಳನ್ನೂ ವಿರೋಧಿಗಳ ಮೇಲೆ ಬಿಟ್ಟನು, ಸರ್ಕಾರದ ಲೆಕ್ಕದಂತೆಯೇ 25 ಜನ ಸತ್ತು 388 ಜನ ಗಾಯಗೊಂಡರು. ಎರಡನ್ನೂ ಕಲಸಿ ಹೇಳುವುದು ಬಹಳ ಕಡೆ ಕಂಡುಬರುತ್ತದೆ, ನಮ್ಮ ತರಗತಿಗಳಲ್ಲಿ ಹಾಗಾಗಬಾರದು.

ಎಣಿಕೆ ಮತ್ತು ಫಲಿತಾಂಶ

ಹೆಚ್ಚು ಮತ ಪಡೆದವನು ಗೆದ್ದಂತೆ. ಇಬ್ಬರಿಗೆ ಸಮನಾದ ಮತ ಬಿದ್ದರೆ ವಯಸ್ಸಿನಲ್ಲಿ ಹಿರಿಯನು ಗೆಲ್ಲುತ್ತಾನೆ, ಹುಟ್ಟಿದ ದಿನದಲ್ಲಿಯೂ ಅಂತರವಿಲ್ಲದಿದ್ದರೆ ಚೀಟಿ ಎತ್ತುತ್ತಾರೆ. ಈ ನಿಯಮ ಮಕ್ಕಳಿಗೆ ಬಹಳ ಹಿಡಿಸುತ್ತದೆ, ಆದುದರಿಂದ ಅಭ್ಯರ್ಥಿಗಳ ಜನ್ಮದಿನವನ್ನು ಮೊದಲೇ ಬರೆದಿಟ್ಟುಕೊಳ್ಳಿ.

ದೇಶದಲ್ಲಿ ಮತದಾನದ ಪ್ರಮಾಣ ಸುಮಾರು ಶೇ 94. ಈ ಅಂಕಿಯನ್ನು ಒಂಟಿಯಾಗಿ ಹೇಳಬಾರದು. ಮೊದಲ ಅವಧಿಯಲ್ಲಿ ಎದ್ದು ನಿಂತ ಆ ನಾಲ್ವರನ್ನು ನೆನಪಿಸಿ, ಆ ನಾಲ್ವರಲ್ಲಿ ಬಹುತೇಕ ಎಲ್ಲರೂ ಬಂದು ಮತ ಹಾಕಿದರು ಎಂದು ವಿವರಿಸಬೇಕು.

ಪಕ್ಷಗಳ ಬಲಾಬಲವನ್ನು ಹೇಳುವಾಗಲೂ ಒಂದು ಸೂಕ್ಷ್ಮವಿದೆ. ಇಟಗಾಕಿಯ ಕಡೆಯವರು ಚುನಾವಣೆಯ ಹೊತ್ತಿಗೆ ಹಲವು ಗುಂಪುಗಳಾಗಿ ಒಡೆದಿದ್ದರು, ರಿಕ್ಕೆನ್ ಜಿಯುತೊ ಎಂಬ ಒಂದೇ ಪಕ್ಷವಾಗಿ ಅವರು ಸೇರಿದ್ದು ಆ ಮೇಲೆ, ಸೆಪ್ಟೆಂಬರಿನಲ್ಲಿ. ಆದುದರಿಂದ ಜಿಯುತೊ 130, ಸರ್ಕಾರದ ಕಡೆಗೆ ಒಲವಿದ್ದ ತೈಸೆಯಿಕೈ 79, ಓಕುಮ ಶಿಗೆನೊಬು ಎಂಬ ನಾಯಕ ಕಟ್ಟಿದ್ದ ಕೈಶಿಂತೊ 41 ಎಂಬ ಅಂಕಿಗಳು ಸಂಸತ್ತು ಸೇರಿದಾಗಿನ ಗುಂಪುಗಳ ಲೆಕ್ಕ. ಜುಲೈ 1ರ ರಾತ್ರಿ ಯಾರೂ ಹೀಗೆ ಎಣಿಸಿರಲಿಲ್ಲ. ಜಿಯುತೊ ಮತ್ತು ಕೈಶಿಂತೊ ಸೇರಿ 171, ಅಂದರೆ 300ರಲ್ಲಿ ಸ್ಪಷ್ಟ ಬಹುಮತ ಸರ್ಕಾರವನ್ನು ವಿರೋಧಿಸುವವರ ಕೈಗೆ ಬಂದಿತ್ತು. ಗೆದ್ದವರಲ್ಲಿ 109 ಮಂದಿ ಹಿಂದಿನ ಸಮುರಾಯ್ ವರ್ಗದವರು, 191 ಮಂದಿ ಸಾಮಾನ್ಯ ಪ್ರಜೆಗಳು ಎಂಬುದನ್ನೂ ಸೇರಿಸಿ. ಇಪ್ಪತ್ತು ವರ್ಷಗಳ ಹಿಂದಷ್ಟೇ ಕತ್ತಿ ಕಟ್ಟಿದವರ ಆಳ್ವಿಕೆಯಲ್ಲಿದ್ದ ದೇಶದಲ್ಲಿ ಇದು ಸಣ್ಣ ಸಂಗತಿಯಲ್ಲ.

ಆಯವ್ಯಯದ ಜಗಳ: ಮೂರನೆಯ ಅವಧಿ

ಸಂಸತ್ತು 1890ರ ನವೆಂಬರ್ 29ರಂದು ವಿಧ್ಯುಕ್ತವಾಗಿ ತೆರೆಯಿತು. ಪ್ರಧಾನಿ ಯಾಮಾಗಾಟ ಅರಿಟೊಮೊ ಸೈನ್ಯದ ಮನುಷ್ಯ, ಚುನಾವಣೆಯಲ್ಲಿ ನಿಂತವನಲ್ಲ. ಅವನ ಮಂತ್ರಿಮಂಡಲಕ್ಕೆ ಕೆಳಮನೆಯ ಬಹುಮತದ ಹಂಗೂ ಇರಲಿಲ್ಲ. ಆದರೆ ಆಯವ್ಯಯಕ್ಕೆ ಮಾತ್ರ ಸಭೆಯ ಒಪ್ಪಿಗೆ ಬೇಕಾಗಿತ್ತು. ಸಂವಿಧಾನ ಬರೆದವರು ಅಲ್ಲಿಯೂ ಎರಡು ಅಗುಳಿ ಹಾಕಿದ್ದರು: 67ನೆಯ ವಿಧಿಯ ಪ್ರಕಾರ ಕೆಲವು ನಿಗದಿತ ವೆಚ್ಚಗಳನ್ನು ಸರ್ಕಾರದ ಸಮ್ಮತಿಯಿಲ್ಲದೆ ಕಡಿಯುವಂತಿಲ್ಲ, 71ನೆಯ ವಿಧಿಯ ಪ್ರಕಾರ ಆಯವ್ಯಯಕ್ಕೆ ಒಪ್ಪಿಗೆ ಸಿಗದಿದ್ದರೆ ಹಿಂದಿನ ವರ್ಷದ್ದೇ ಮುಂದುವರಿಯುತ್ತದೆ.

ತರಗತಿಯನ್ನು ಮೂರು ಗುಂಪು ಮಾಡಿ: ಸರ್ಕಾರ, ವಿರೋಧಿ ಸದಸ್ಯರು, ಹೊರಗೆ ನಿಂತ ಮತವಿಲ್ಲದ ಜನರು. ಸರ್ಕಾರದ ಪ್ರಸ್ತಾವ ಸುಮಾರು 8 ಕೋಟಿ 30 ಲಕ್ಷ ಯೆನ್, ಸೈನ್ಯಕ್ಕೆ ಅದರಲ್ಲಿ ದೊಡ್ಡ ಪಾಲು. ವಿರೋಧಿಗಳ ಘೋಷಣೆ ಎಂದರೆ ಸರ್ಕಾರದ ಖರ್ಚು ತಗ್ಗಿಸಿ, ಜನರ ಶಕ್ತಿಗೆ ವಿಶ್ರಾಂತಿ ಕೊಡಿ ಎಂಬುದು. ಖರ್ಚು ತಗ್ಗಿಸಿ ಉಳಿಸಿದ ಹಣದಿಂದ ಭೂಕಂದಾಯವನ್ನು ಇಳಿಸಬೇಕು ಎಂದು ಅವರು ವಾದಿಸಿದರು. ಇಲ್ಲಿ ವಾದವನ್ನು ತಡೆದು ಒಂದೇ ಪ್ರಶ್ನೆ ಕೇಳಬೇಕು: ಭೂಕಂದಾಯವೇ ಏಕೆ? ಮೊದಲ ಅವಧಿಯ ಲೆಕ್ಕ ಮಾಡಿದ ವಿದ್ಯಾರ್ಥಿಗಳು ಉತ್ತರವನ್ನು ತಾವೇ ಹೇಳುತ್ತಾರೆ. ಆರಿಸಿದವರಲ್ಲಿ ಬಹುಪಾಲು ಜನ 600 ಯೆನ್ ಅಥವಾ ಅದಕ್ಕಿಂತ ಹೆಚ್ಚು ಮೌಲ್ಯದ ಭೂಮಿಯ ಒಡೆಯರು. ಆಗ ಮೂರನೆಯ ಗುಂಪನ್ನು ಕೇಳಿ: ಕಂದಾಯ ಇಳಿದರೆ ನಿಮ್ಮ ಗೇಣಿ ಇಳಿಯುತ್ತದೆಯೇ? ನಗರದ ಅಂಗಡಿಯವನಿಗೆ, ನೂಲು ಬಿಚ್ಚುವ ಹೆಂಗಸಿಗೆ ಏನು ಸಿಗುತ್ತದೆ? ಸಭೆಯಲ್ಲಿ ಸರ್ಕಾರವನ್ನು ಧೈರ್ಯವಾಗಿ ಎದುರಿಸಿದ ಸದಸ್ಯರನ್ನು ಕಡೆಗಣಿಸುವುದು ನನ್ನ ಉದ್ದೇಶವಲ್ಲ. ಅವರ ಧೈರ್ಯ ನಿಜವಾದುದು, ಅದರ ಎಲ್ಲೆಯೂ ನಿಜವಾದುದು. ಇವೆರಡನ್ನೂ ಒಟ್ಟಿಗೆ ಹಿಡಿದು ನೋಡಲು ಕಲಿಯುವುದೇ ಚರಿತ್ರೆಯ ಅಭ್ಯಾಸ.

ಕೊನೆಗೆ ನಡೆದದ್ದನ್ನು ತಿಳಿಸಿ. ವಿರೋಧಿಗಳು ಆಯವ್ಯಯದ ಸುಮಾರು ಹತ್ತರಲ್ಲೊಂದು ಪಾಲನ್ನು ಕಡಿಯಲು ಹೊರಟಿದ್ದರು. ಸರ್ಕಾರ ಜಿಯುತೊದ ಟೋಸಾ ಗುಂಪಿನ ಇಪ್ಪತ್ತಕ್ಕೂ ಹೆಚ್ಚು ಸದಸ್ಯರನ್ನು ತನ್ನ ಕಡೆ ಒಲಿಸಿಕೊಂಡಿತು, 65 ಲಕ್ಷ ಯೆನ್ ಕಡಿತಕ್ಕೆ ರಾಜಿಯಾಯಿತು. ತನ್ನದೇ ಪ್ರಾಂತದವರು ಹೀಗೆ ತಿರುಗಿದ್ದನ್ನು ಕಂಡು ನಕಾಯೆ ಚೊಮಿನ್ ಸದಸ್ಯತ್ವಕ್ಕೆ ರಾಜೀನಾಮೆ ಕೊಟ್ಟು ಹೊರನಡೆದನು. ಈ ನಡುವೆ 1891ರ ಜನವರಿಯಲ್ಲಿ ಸಂಸತ್ತಿನ ತಾತ್ಕಾಲಿಕ ಕಟ್ಟಡವೇ ಬೆಂಕಿಗೆ ಆಹುತಿಯಾಗಿತ್ತು, ಆದರೂ ಅಧಿವೇಶನ ಬೇರೆಡೆ ಮುಂದುವರಿಯಿತು.

ಅದೇ ನಿಯಮವನ್ನು ಬೆಂಗಳೂರಿಗೆ ಹಾಕಿ ನೋಡುವುದು

ಸಮಯವಿದ್ದರೆ ಮನೆಗೆಲಸವಾಗಿ ಇದನ್ನು ಕೊಡಬಹುದು. ಜಪಾನಿನ ಆಜ್ಞೆ ಹೊರಡುವ ಐದು ದಿನ ಮೊದಲು, 1881ರ ಅಕ್ಟೋಬರ್ 7ರಂದು, ಮೈಸೂರು ಪ್ರಜಾಪ್ರತಿನಿಧಿ ಸಭೆ ಮೊದಲ ಬಾರಿಗೆ ಸೇರಿತ್ತು. ದಿವಾನ್ ರಂಗಾಚಾರ್ಲು ಕರೆದ ಆ ಸಭೆಯಲ್ಲಿ 144 ಪ್ರತಿನಿಧಿಗಳಿದ್ದರು. ಅವರು ಚುನಾಯಿತರಲ್ಲ, ಸಭೆಗೆ ಆಯವ್ಯಯದ ಮೇಲೆ ಮತ ಹಾಕುವ ಅಧಿಕಾರವೂ ಇರಲಿಲ್ಲ. ಅಹವಾಲು ಹೇಳುವುದು, ದಿವಾನರ ವರದಿ ಕೇಳುವುದು ಅದರ ಕೆಲಸ. ಶೇಷಾದ್ರಿ ಅಯ್ಯರ್ ದಿವಾನರಾಗಿದ್ದಾಗ, 1891ರ ಹೊತ್ತಿಗೆ, ಕಂದಾಯ ಮತ್ತು ಆಸ್ತಿಯ ಅರ್ಹತೆಯುಳ್ಳವರು ಪ್ರತಿನಿಧಿಗಳನ್ನು ಆರಿಸುವ ಕ್ರಮ ಇಲ್ಲಿಯೂ ಬಂದಿತು. ಜಪಾನಿನಲ್ಲಿ ಮೊದಲ ಸಂಸತ್ತು ನಡೆಯುತ್ತಿದ್ದ ಹೊತ್ತೂ ಅದೇ.

ವಿದ್ಯಾರ್ಥಿಗಳು 1890ರ ಬೆಂಗಳೂರನ್ನು ಕಲ್ಪಿಸಿಕೊಂಡು, ಭೂಕಂದಾಯವೊಂದನ್ನೇ ಅಳತೆಯಾಗಿ ಇಟ್ಟರೆ ಯಾರು ಮತದಾರರಾಗುತ್ತಿದ್ದರು ಎಂದು ಬರೆಯಲಿ. ಚಿಕ್ಕಪೇಟೆಯ ಜವಳಿ ವರ್ತಕ, ಪೇಟೆಯ ನೇಕಾರ, ಅಠಾರಾ ಕಚೇರಿಯ ಗುಮಾಸ್ತ, ಹೆಸರಘಟ್ಟದ ಕಡೆಯ ಜಮೀನಿನ ಗೌಡರು, ಅವರ ಗೇಣಿದಾರ, ಹಲಸೂರಿನ ಕೂಲಿ. ಹಲಸೂರು ಸೇರಿದಂತೆ ದಂಡು ಪ್ರದೇಶ 1881ರ ನಂತರವೂ ಬ್ರಿಟಿಷರ ಆಡಳಿತದಲ್ಲಿಯೇ ಇದ್ದುದರಿಂದ ಅಲ್ಲಿನವರು, ಹೊಕ್ಕೈಡೊದವರಂತೆ, ಈ ಲೆಕ್ಕದ ಹೊರಗೆ. ಪ್ರಜಾಪ್ರತಿನಿಧಿ ಸಭೆಯ ನಡಾವಳಿಗಳನ್ನು ನೋಡಬಯಸುವ ಅಧ್ಯಾಪಕರು ವಿಧಾನಸೌಧದ ರಾಜ್ಯ ಪತ್ರಾಗಾರದಲ್ಲಿ ವಿಚಾರಿಸಬೇಕು. ವಿದ್ಯಾರ್ಥಿಗಳನ್ನು ಕಬ್ಬನ್ ಪಾರ್ಕಿನ ಕೇಂದ್ರ ಗ್ರಂಥಾಲಯಕ್ಕೆ ಕರೆದುಕೊಂಡು ಹೋದರೆ, ಆ ಕಟ್ಟಡವೇ ಶೇಷಾದ್ರಿ ಅಯ್ಯರ್ ಅವರ ಸ್ಮಾರಕ ಎಂಬುದನ್ನು ತೋರಿಸಿ ಮಾತು ಆರಂಭಿಸಬಹುದು.

ಸಮಯ ಕಡಿಮೆ ಇದ್ದರೆ

ಪರೀಕ್ಷೆಯ ಒತ್ತಡದಲ್ಲಿ ಮೂರು ಅವಧಿ ಸಿಗುವುದು ಕಷ್ಟ ಎಂಬುದು ಎಲ್ಲ ಅಧ್ಯಾಪಕರಿಗೂ ಗೊತ್ತು. ಎರಡೇ ಸಿಕ್ಕರೆ ಅಭ್ಯರ್ಥಿಗಳ ಭಾಷಣವನ್ನು ಬಿಟ್ಟುಬಿಡಿ, ಹೆಸರುಗಳನ್ನು ನೀವೇ ಕೊಟ್ಟು ನೇರವಾಗಿ ಮತದಾನಕ್ಕೆ ಹೋಗಿ, ಆಯವ್ಯಯದ ಭಾಗವನ್ನು ಕಾಲು ಗಂಟೆಯಲ್ಲಿ ಮುಗಿಸಿ. ಒಂದೇ ಸಿಕ್ಕರೆ ಮತದಾರರ ಪಟ್ಟಿಯನ್ನು ಮಾತ್ರ ಮಾಡಿ, 600 ಯೆನ್ ಲೆಕ್ಕವನ್ನು ಕೈಬಿಡಬೇಡಿ, ವಿಧವೆಯ ಚೀಟಿಯನ್ನು ಸ್ಪಷ್ಟವಾಗಿ ಓದಬಲ್ಲ ವಿದ್ಯಾರ್ಥಿನಿಗೆ ಕೊಡಿ. ಚೀಟಿಗಳನ್ನು ಅವಧಿ ಮುಗಿದ ಮೇಲೆ ಎಣಿಸಿ ವಾಪಸು ತೆಗೆದುಕೊಂಡು, ಮುಂದಿನ ವರ್ಷದ ತರಗತಿಗೆ ಬೇಕಾಗುವಂತೆ ಒಂದು ಲಕೋಟೆಯಲ್ಲಿ ಕಟ್ಟಿಡಿ.